ದೊಡ್ಡಮ್ಮ ಹೊಯ್ಯದ ಮೂರನೆಯ ಕಾಫಿ

ಮೊನ್ನೆ ಭಾನುವಾರ ಬೆಳಿಗ್ಗೆ ಸಹಕಾರನಗರದ ನಮ್ಮ ಅಪಾರ್ಟ್‌ಮೆಂಟಿನ ಮೆಟ್ಟಿಲುಗಳ ತುಂಬ ಒಂದು ವಾಸನೆ ಹಬ್ಬಿತು. ವಾಟ್ಸಾಪ್ ಗುಂಪಿನಲ್ಲಿ ಗದ್ದಲವೋ ಗದ್ದಲ. ಯಾರ ಮನೆಯಲ್ಲಿ ಏನು ಸೀಯುತ್ತಿದೆ, ಗ್ಯಾಸ್ ಆರಿಸದೆ ವಾಕಿಂಗ್ ಹೋದವರು ಯಾರು ಅಂತ. ವಾಚ್‌ಮನ್ ಒಂದೊಂದೇ ಬಾಗಿಲು ಬಡಿಯುತ್ತ ನಮ್ಮ ಮನೆಗೂ ಬಂದ. "ಮೇಡಂ, ಒಲೆ ಮೇಲೆ ಏನಾದ್ರೂ ಇಟ್ಟು ಮರ್ತಿದ್ದೀರಾ ನೋಡ್ರೀ." ನಾನು ಬಾಗಿಲಲ್ಲೇ ನಿಂತು ಮೂಗರಳಿಸಿದೆ. ಮೊದಲು ಹಸಿ ಹುಲ್ಲು ಬೆಂದಂಥ ವಾಸನೆ, ಅದರ ಬೆನ್ನಿಗೇ ಹುರಿದ ಕಡಲೆಕಾಯಿಯಂಥದ್ದು, ಆಮೇಲೆ ಬೀಜದೊಳಗಿನ ಎಣ್ಣೆ ಒಡೆದು ಬರುವ ಕಟುವಾದ ಸಿಹಿ. ಏನೂ ಸೀಯುತ್ತಿರಲಿಲ್ಲ. ಯಾರೋ ಹಸಿ ಕಾಫಿಬೀಜ ಹುರಿಯುತ್ತಿದ್ದರು. ಪುಡಿ ಅಂಗಡಿಯ ಮುಂದೆ ಸುಳಿಯುವ ವಾಸನೆ ಬೇರೆ, ಮನೆಯ ಬಾಣಲೆಯಲ್ಲಿ ಒಂದೇ ಒಂದು ಹಿಡಿ ಬೀಜ ಕಪ್ಪಾಗುವಾಗಿನ ವಾಸನೆ ಬೇರೆ. ಆ ಎರಡನೆಯದು ನನ್ನ ಮೂಗಿಗೆ ಬಿದ್ದು ಮೂವತ್ತು ವರ್ಷದ ಮೇಲಾಗಿತ್ತು. ಚಪ್ಪಲಿ ಮೆಟ್ಟುವುದನ್ನೂ ಮರೆತು ಮೆಟ್ಟಿಲಿಳಿದೆ.

ಅಲ್ಲಾಳಸಂದ್ರದ ಕೆರೆಗೆ ಬೆನ್ನು ಮಾಡಿಕೊಂಡಿದ್ದ ನಮ್ಮ ಹೆಂಚಿನ ಮನೆ ಈಗಿಲ್ಲ. ಹಿತ್ತಲಲ್ಲಿ ಕಪ್ಪು ದ್ರಾಕ್ಷಿಯ ಚಪ್ಪರವಿದ್ದ ಜಾಗದಲ್ಲಿ ಟೈಲ್ಸ್ ಅಂಗಡಿಯವರು ಗೋದಾಮು ಕಟ್ಟಿಕೊಂಡಿದ್ದಾರೆ. ನಿಮಗೂ ಅಂಥದ್ದೊಂದು ಜಾಗ ಇದ್ದೀತು. ಬಸ್ಸಿನಲ್ಲಿ ಕೂತು ಅದನ್ನು ದಾಟುವಾಗ ಬೇಕೆಂದೇ ಇನ್ನೊಂದು ಕಿಟಕಿಯತ್ತ ನೋಡುತ್ತೀರಿ. ಆ ಮನೆಗೆ ನಮ್ಮಜ್ಜಿ ಮಾಕಳಿಯಿಂದ ಎತ್ತಿನ ಗಾಡಿಯಲ್ಲಿ ಸೊಸೆಯಾಗಿ ಬಂದಿದ್ದಳು. ಅವಳ ಬದುಕಿನ ದೊಡ್ಡ ಪ್ರಯಾಣ ಅದೊಂದೇ. ಅವಳ ಹಿರೀ ಸೊಸೆ, ನನ್ನ ದೊಡ್ಡಮ್ಮ, ಸಮುದ್ರ ದಾಟಿ ಇಥಿಯೋಪಿಯಾಕ್ಕೆ ಹೋದವಳು. ದೊಡ್ಡಪ್ಪ, ದೊಡ್ಡಮ್ಮ ಇಬ್ಬರೂ ಅಲ್ಲಿನ ಜಿಮ್ಮಾ ಅನ್ನುವ ಊರಿನಲ್ಲಿ ಮಕ್ಕಳಿಗೆ ಗಣಿತ ಹೇಳಿಕೊಡುತ್ತಿದ್ದರು. ಹನ್ನೆರಡು ವರ್ಷ ಕಳೆದ ಮೇಲೆ ದೊಡ್ಡಪ್ಪ ಅಲ್ಲೇ ಎದೆನೋವಿನಿಂದ ತೀರಿಕೊಂಡರು. ದೊಡ್ಡಮ್ಮ ಒಬ್ಬಳೇ ವಾಪಸ್ಸು ಬಂದಾಗ ನನಗೆ ಏಳು ವರ್ಷ. ಒಂದು ಟ್ರಂಕು ಆಟೋದ ಹಿಂದೆ ಇತ್ತು. ತೊಡೆಯ ಮೇಲೆ, ಮಗುವನ್ನು ಕೂರಿಸಿಕೊಂಡ ಹಾಗೆ, ಹಳೇ ಸೀರೆಯಲ್ಲಿ ಸುತ್ತಿದ ಒಂದು ಕರಿಯ ಮಣ್ಣಿನ ಹೂಜಿ. ದುಂಡು ಹೊಟ್ಟೆ, ಉದ್ದ ಕತ್ತು, ಒಂದೇ ಕಿವಿ. ತಳ ದುಂಡಗಿದ್ದದ್ದರಿಂದ ಅದಕ್ಕೆ ಕೂರಲು ಬಣ್ಣದ ಹುಲ್ಲಿನಲ್ಲಿ ಹೆಣೆದ ಸಿಂಬಿಯೂ ಜೊತೆಗಿತ್ತು.

ಭಾನುವಾರ ಮಧ್ಯಾಹ್ನ ನಡುಮನೆ ದೊಡ್ಡಮ್ಮನದು. ಬೀಜ ತೊಳೆದು ಹುರಿಯುತ್ತಿದ್ದಳು. ಹೊಗೆಯಾಡುವ ಬಾಣಲೆಯನ್ನು ಒಬ್ಬೊಬ್ಬರ ಮುಂದೆಯೂ ಹಿಡಿಯುತ್ತಿದ್ದಳು. ನಾವು ಮಂಗಳಾರತಿ ತೆಗೆದುಕೊಂಡ ಹಾಗೆ ಆ ಹೊಗೆಯನ್ನು ಅಂಗೈಯಿಂದ ಮುಖಕ್ಕೆ ತಂದುಕೊಳ್ಳಬೇಕು. ಜಿಮ್ಮಾದಲ್ಲಿ ಕಾಫಿಗೆ ಕೂರುವಾಗ ನೆಲಕ್ಕೆ ಹಸಿ ಹುಲ್ಲು ಹರಡುತ್ತಾರಂತೆ, ಇವಳು ಹಿತ್ತಲ ಗರಿಕೆ ಕಿತ್ತು ತಂದು ಹಾಸುತ್ತಿದ್ದಳು. ಅಲ್ಲಿನ ಧೂಪದ ಬದಲಿಗೆ ಸಾಂಬ್ರಾಣಿ. ತಿನ್ನಲು ಕಡ್ಲೆಪುರಿ. ಅಜ್ಜಿಗೆ ಗರಿಕೆಯದ್ದೇ ಸಂಕಟ.

"ಅಲ್ಲ ಕಣೇ ಜಯಾ, ಗಣಪತಿ ತಲೆ ಮೇಲಿಡೋದನ್ನ ತಂದು ಕಾಲ್ಕೆಳಗೆ ಹಾಕ್ತೀಯಲ್ಲ, ನಿಂಗೇನ್ ಹೇಳೋರು ಕೇಳೋರು ಇಲ್ವಾ?"

"ನೀವು ಕಾಲು ಮಡ್ಚಿ ಕೂತ್ಕೊಳಿ ಅತ್ತೆ, ಆಗ ತುಳಿದಂಗಾಗಲ್ಲ."

ಬೈಯುತ್ತಲೇ ಅಜ್ಜಿ ಎಲ್ಲರಿಗಿಂತ ಮೊದಲು ಬಂದು ಕಾಲು ಮಡಚಿ ಕೂರುತ್ತಿದ್ದಳು. ಹುರಿದ ಬೀಜ ಕುಟ್ಟಿ ಹೂಜಿಯಲ್ಲೇ ಒಲೆಯ ಮೇಲೆ ಕುದಿಸಿ, ಅದನ್ನು ಎತ್ತರಕ್ಕೆ ಹಿಡಿದು ದೊಡ್ಡಮ್ಮ ಕಿವಿಯಿಲ್ಲದ ಪುಟ್ಟ ಬಟ್ಟಲುಗಳಿಗೆ ಹೊಯ್ದರೆ ಒಂದು ಹನಿಯೂ ಆಚೆಗೆ ಹಾರುತ್ತಿರಲಿಲ್ಲ. ಮೊದಲ ಸುತ್ತು ಗಾಢ. ಅದೇ ಚರಟಕ್ಕೆ ನೀರು ಹೊಯ್ದು ಕುದಿಸಿದರೆ ಎರಡನೆಯದು. ಮತ್ತೆ ನೀರು ಹೊಯ್ದರೆ ಮೂರನೆಯದು, ಆಶೀರ್ವಾದದ ಸುತ್ತು. ಅಲ್ಲಿ ಅದನ್ನು ಕುಡಿಯದೆ ಯಾರೂ ಏಳುವುದಿಲ್ಲವಂತೆ. ಆದರೆ ನಮ್ಮನೆಯಲ್ಲಿ ಎರಡಕ್ಕೇ ನಿಲ್ಲುತ್ತಿತ್ತು.

ಯಾಕೆಂದು ಒಮ್ಮೆ ಕೇಳಿದ್ದಕ್ಕೆ ದೊಡ್ಡಮ್ಮ ಹೇಳಿದ್ದಳು. ದೊಡ್ಡಪ್ಪ ಹೋದಾಗ ಪಕ್ಕದ ಮನೆಯ ಅಲ್ಮಾಜ್ ಅನ್ನುವ ಹೆಂಗಸು ತನ್ನ ಮನೆಮಠ ಬಿಟ್ಟು ಬಂದು ಅವಳ ಜೊತೆ ಕೂತಿದ್ದಳು. ಭಾಷೆ ಅರ್ಧಂಬರ್ಧ. ಕಾಫಿ ಹೊಯ್ಯುವುದು, ಕೂರುವುದು, ಅಷ್ಟೇ. ಮುಂದೆ ಆ ದೇಶದಲ್ಲಿ ಗಲಾಟೆ ಹೆಚ್ಚಿ ಹೊರಡಲೇಬೇಕಾದ ದಿನವೂ ಅಲ್ಮಾಜ್ ಕಾಫಿಗೆ ಕೂರಿಸಿದಳು. ಎರಡನೆಯ ಸುತ್ತು ಮುಗಿಯುವ ಹೊತ್ತಿಗೆ ಜೀಪು ಬಂದು ಹಾರ್ನ್ ಹೊಡೆಯತೊಡಗಿತು. ಅಲ್ಮಾಜ್ ಹೂಜಿಯನ್ನು ಬಗ್ಗಿಸಿ ಖಾಲಿ ಮಾಡಿ, ಬಿಸಿಬಿಸಿಯಾಗಿಯೇ ಇವಳ ಕೈಗಿಟ್ಟಳು. ಮೂರನೆಯದಕ್ಕೆ ಬಾ, ಬರುವಾಗ ಇದನ್ನು ತಾ, ಅಂದಳು.

"ಅದಕ್ಕೇ ಕಣೇ ಪುಟ್ಟಿ, ಮೂರನೇದನ್ನ ಅವಳ ಮನೇಲೇ ಕುಡೀಬೇಕು. ಇಲ್ಲಿ ಹೊಯ್ದುಬಿಟ್ರೆ ಅಲ್ಲಿಗೆ ಹೋಗೋ ಕೆಲಸ ಮುಗಿದಂಗೆ."

ಅಲ್ಮಾಜ್‌ಗೆ ಎರಡು ಕಾಗದ ಬರೆದಿದ್ದಳು. ಉತ್ತರ ಬರಲಿಲ್ಲ. ಅಜ್ಜಿ ಮಾತ್ರ ಪಟ್ಟು ಬಿಡುತ್ತಿರಲಿಲ್ಲ. "ಆಶೀರ್ವಾದದ್ದು ಅಂತ ನೀನೇ ಅಂತೀಯ. ನಂಗ್ ಮಾತ್ರ ಕೊಡಲ್ಲ. ಒಂದ್ಸಲ ಹೊಯ್ಯೇ." ದೊಡ್ಡಮ್ಮ ನಕ್ಕು ಹೂಜಿ ಬಗ್ಗಿಸಿಡುತ್ತಿದ್ದಳು.

ನನಗೆ ಹತ್ತು ವರ್ಷವಾದಾಗ ಅಜ್ಜಿ ಹೋದಳು. ಹನ್ನೊಂದನೆಯ ದಿನ ಬೆಳಿಗ್ಗೆ ಮನೆ ತೊಳೆಯುವುದಕ್ಕೆ ಅಜ್ಜಿಯ ತಂಗಿ, ನಾವು ಮಾಕಳಿ ಅಜ್ಜಿ ಅನ್ನುತ್ತಿದ್ದವರು, ಸೆರಗು ಸೊಂಟಕ್ಕೆ ಸಿಕ್ಕಿಸಿ ನಿಂತರು. ಸಾವಾದ ಮನೆಯ ಹಳೆಯ ಮಣ್ಣಿನ ಪಾತ್ರೆಗಳನ್ನು ನಮ್ಮಲ್ಲಿ ಇಟ್ಟುಕೊಳ್ಳುವುದಿಲ್ಲ. ಸೂತಕ ಕಳೆಯುವ ದಿನ ಹೊರಗೆ ಹಾಕಿ ಹೊಸದು ತರುತ್ತಾರೆ. "ಅಳೇ ಮಡಕೆ ಒಂದೂ ಉಳೀಕೂಡ್ದು ಕಣ್ರವ್ವ, ಎಲ್ಲಾ ಈಚೆಗ್ ತನ್ನಿ." ಅಮ್ಮ ನೀರಿನ ಮಡಕೆ ತಂದಳು, ಉಪ್ಪಿನ ಗಡಿಗೆ ತಂದಳು. ನಾನು ಮನೆಯೆಲ್ಲ ಸುತ್ತಿ ನೋಡಿದೆ. ದೊಡ್ಡವರು ಮರೆತದ್ದೊಂದು ನನಗೆ ನೆನಪಿತ್ತು. ದೊಡ್ಡಮ್ಮ ಹಿತ್ತಲಲ್ಲಿ ಪಾತ್ರೆ ಬೆಳಗುತ್ತಿದ್ದಳು. ನಾನು ಅವಳ ಟ್ರಂಕು ತೆಗೆದು, ಸೀರೆ ಬಿಚ್ಚಿ, ಹೂಜಿಯನ್ನು ಎತ್ತಿಕೊಂಡೆ. ಸಿಂಬಿ ಹುಲ್ಲಿನದು, ಮಣ್ಣಿನದಲ್ಲ. ಅದನ್ನು ಸರಿಯಾಗಿ ಯೋಚಿಸಿ ಅಲ್ಲೇ ಬಿಟ್ಟೆ. ಉಳಿದ ಮಡಕೆಗಳ ಜೊತೆ ಬುಟ್ಟಿಯಲ್ಲಿಟ್ಟಾಗ ಮಾಕಳಿ ಅಜ್ಜಿ ನನ್ನ ಕೆನ್ನೆ ಹಿಂಡಿದರು. "ಊಂ, ಜಾಣೆ ಕಣೇ ನೀನು." ಕೆರೆ ಏರಿಯ ಮೇಲೆ ಒಂದೊಂದನ್ನೇ ಎತ್ತಿ ಒಡೆದರು. ಹೂಜಿ ಮಾತ್ರ ಬೇಗ ಒಡೆಯಲಿಲ್ಲ, ಎರಡು ಸಲ ಎತ್ತಿ ಹಾಕಬೇಕಾಯಿತು.

ಅವತ್ತು ಸಾಯಂಕಾಲ ನೆಂಟರೆಲ್ಲ ಊಟ ಮುಗಿಸಿ ಕೂತಿದ್ದರು. ದೊಡ್ಡಮ್ಮ ಯಾರೂ ಹೇಳದೆ ಗರಿಕೆ ಕಿತ್ತು ತಂದು ಹಾಸಿದಳು, ಬೀಜ ತೊಳೆದಳು. ಅಮ್ಮನ ಹತ್ತಿರ, "ಇವತ್ತು ಮೂರೂ ಸುತ್ತು ಹೊಯ್ತೀನಿ ಕಣೆ. ಅತ್ತೆ ಎಷ್ಟು ಕೇಳಿದ್ರು. ಅಲ್ಮಾಜ್ ಬೇಜಾರು ಮಾಡ್ಕೊಳ್ಳಲ್ಲ," ಅಂದು ಒಳಗೆ ಹೋದಳು. ಟ್ರಂಕಿನ ಮುಚ್ಚಳ ತೆಗೆದ ಸದ್ದು ಕೇಳಿತು. ಮುಚ್ಚಿದ ಸದ್ದು ಬಹಳ ಹೊತ್ತು ಕೇಳಲಿಲ್ಲ. ಹೊರಗೆ ಬಂದವಳ ಕೈಯಲ್ಲಿ ಸಿಂಬಿಯೊಂದೇ ಇತ್ತು. ಅಮ್ಮನಿಗೆ ಆಗ ಹೊಳೆದಿರಬೇಕು, ತಲೆ ತಗ್ಗಿಸಿದಳು. ಮಾಕಳಿ ಅಜ್ಜಿಯೇ ಬಾಯಿಬಿಟ್ಟರು: "ಮಣ್ಣಿಂದೆಲ್ಲ ಈಚೆಗಾಕಿಸ್ದೆ ಕಣವ್ವ. ಇಂಗೇ ಅಲ್ವಾ ಮಾಡಾದು?" ನಾನು ಕಂಬದ ಹಿಂದೆ ನಿಂತಿದ್ದೆ. ತಂದುಕೊಟ್ಟವಳು ನಾನು ಅನ್ನಲಿಲ್ಲ. ದೊಡ್ಡಮ್ಮ ನೆನೆದ ಬೀಜವನ್ನು ನೋಡುತ್ತ ಒಂದೇ ಮಾತು ಅಂದಳು.

"ಅಲ್ಲಿ ಸಾವಾದ ಮನೇಲಿ ಕಾಫಿ ಮಡಕೆ ಒಲೆ ಮೇಲಿಂದ ಇಳೀತಾನೇ ಇರ್ಲಿಲ್ಲ."

ಆಮೇಲೆ ನಮ್ಮ ಮನೆಯಲ್ಲಿ ಭಾನುವಾರವೂ ಫಿಲ್ಟರ್ ಕಾಫಿಯೇ. ಜಿಮ್ಮಾಕ್ಕೆ ಹೋಗುವ ಮಾತನ್ನು ದೊಡ್ಡಮ್ಮ ಮತ್ತೆ ಎತ್ತಲಿಲ್ಲ. ನಾನು ಹೇಳಬೇಕೆಂದು ಎಷ್ಟೋ ಸಲ ಅವಳ ಪಕ್ಕ ಹೋಗಿ ಕೂತಿದ್ದೇನೆ. ಪರೀಕ್ಷೆ ಮುಗಿಯಲಿ, ಕೆಲಸ ಸಿಗಲಿ, ಮದುವೆಯಾಗಲಿ ಅಂತ ಮುಂದೂಡುತ್ತಾ ಬಂದೆ. ಕೊನೆಗಾಲದಲ್ಲಿ ಹಾಸಿಗೆ ಹಿಡಿದವಳನ್ನು ನೋಡಲು ಹೋದಾಗ ದಿಂಬಿನ ಕೆಳಗಿನಿಂದ ಸಿಂಬಿ ತೆಗೆದು ನನ್ನ ಕೈಗಿಟ್ಟಳು. ಬಣ್ಣವೆಲ್ಲ ಹೋಗಿತ್ತು. "ಇದು ಮಣ್ಣಿಂದಲ್ಲ ಅಂತ ಬಿಟ್ಟಿದ್ದೆಯಲ್ಲ, ನೀನೇ ಇಟ್ಕೊ," ಅಂದಳು. ಆ ಮುಖದಲ್ಲಿ, ನಾನು ಮಗ್ಗಿಯಲ್ಲಿ ತಪ್ಪಿದಾಗ ಬರುತ್ತಿದ್ದ ಅದೇ ನಗು. ಎಲ್ಲ ಗೊತ್ತಿದ್ದೂ ಇಷ್ಟು ವರ್ಷ ನನ್ನನ್ನು ಪಕ್ಕದಲ್ಲಿ ಕೂರಿಸಿಕೊಂಡಿದ್ದಳು.

ಮೊನ್ನೆ ನಾನು ಮೆಟ್ಟಿಲಿಳಿದು ಹೋದಾಗ ಕೆಳಮನೆಯ ಬಾಗಿಲು ತೆರೆದೇ ಇತ್ತು. ಹೊಸದಾಗಿ ಬಾಡಿಗೆಗೆ ಬಂದ ಕಾಲೇಜು ಹುಡುಗಿ, ಸೆಲಾಮ್ ಅಂತ ಹೆಸರು, ಇಲ್ಲಿ ಓದುತ್ತ ಕನ್ನಡ ಕಲಿತವಳು, ಬಾಣಲೆ ಹಿಡಿದುಕೊಂಡೇ ಗಾಬರಿಯಾಗಿ ಎದ್ದಳು. "ಸಾರಿ ಅಕ್ಕಾ, ಸ್ಮೋಕ್ ಜಾಸ್ತಿ ಆಯ್ತು. ವಾಚ್‌ಮನ್ ಅಂಕಲ್ ಬೈತಾರೇನೋ." ನಾನು ಅಂಗೈಯಿಂದ ಹೊಗೆಯನ್ನು ಮುಖಕ್ಕೆ ತಂದುಕೊಂಡೆ. ಅವಳು ಬಿಟ್ಟ ಕಣ್ಣು ಬಿಟ್ಟಂತೆ ನೋಡಿದಳು. ಯಾವ ಊರು ಅಂದೆ. ಗೊಂದರ್ ಅಂದಳು; ಅದೂ ಇಥಿಯೋಪಿಯಾದಲ್ಲೇ, ಆದರೆ ಜಿಮ್ಮಾದಿಂದ ಬಹಳ ದೂರವಂತೆ. ಅವಳ ಅಜ್ಜಿಗೂ ಇಂಡಿಯಾದ ಟೀಚರ್ ಒಬ್ಬರು ಗಣಿತ ಕಲಿಸಿದ್ದರಂತೆ. ಹೆಸರು ಕೇಳಿದೆ, ಗೊತ್ತಿಲ್ಲ ಅಂದಳು. ಅಲ್ಮಾಜ್ ಅನ್ನುವವರು ಯಾರಾದರೂ ಗೊತ್ತೇ ಅಂತಲೂ ಕೇಳಿಬಿಟ್ಟೆ. ಅವಳು ನಕ್ಕಳು. "ಅಕ್ಕಾ, ನಮ್ಮ ಕಡೆ ಬೀದಿಗೆ ನಾಲ್ಕು ಜನ ಅಲ್ಮಾಜ್ ಇರ್ತಾರೆ!"

ಒಂದು ನಿಮಿಷ ಅಂದು ಮೇಲೆ ಹೋಗಿ ಸಿಂಬಿ ತಂದೆ. ಅವಳ ಹೂಜಿ ಚಿಕ್ಕದು, ಸಿಂಬಿಯೊಳಗೆ ಅಲ್ಲಾಡುತ್ತಿತ್ತು. ಕರ್ಚೀಫು ಮಡಚಿ ಸಂದಿಗೆ ತುರುಕಿದ ಮೇಲೆ ನಿಂತಿತು. ಮೊದಲ ಸುತ್ತು ಕುಡಿದೆವು. ಎರಡನೆಯ ಸುತ್ತಿನ ಹೊತ್ತಿಗೆ ನನ್ನ ಫೋನು ಬಡಿದುಕೊಳ್ಳತೊಡಗಿತು. ಗುಂಪಿನವರು ಇನ್ನೂ ವಾಸನೆಯನ್ನೇ ಹುಡುಕುತ್ತಿದ್ದರು. ನಾನು ಹೊರಡಬಹುದೆಂದು ಆ ಹುಡುಗಿಗೆ ಅನಿಸಿರಬೇಕು, ಹೂಜಿಗೆ ನೀರು ಹೊಯ್ಯುತ್ತಿದ್ದವಳು ಕೈ ತಡೆದು ನನ್ನ ಮುಖ ನೋಡಿದಳು. "ಇನ್ನೊಂದಿದೆ ಅಕ್ಕಾ. ಕೂತ್ಕೊಳ್ಳಿ."

ಕಾಲು ಮಡಚಿ ಸರಿಯಾಗಿ ಕೂತೆ. ಮೂರನೆಯ ಕಾಫಿ ಬಹಳ ತೆಳ್ಳಗಿತ್ತು. ಬಟ್ಟಲಿನ ತಳ ಕಾಣುತ್ತಿತ್ತು.