ಒಂದೂವರೆ ಗಂಟೆಯ ಅಳಿವೆ

ಟೀಚರಮ್ಮ ಯಾವ ಶಾಲೆಯಲ್ಲೂ ಪಾಠ ಮಾಡಿದವಳಲ್ಲ. ನಾಲ್ಕನೇ ಕ್ಲಾಸಿಗೇ ಓದಿಗೆ ಶರಣು ಹೊಡೆದು, ಬುಟ್ಟಿ ಹಿಡಿದುಕೊಂಡು ಅಮ್ಮನ ಹಿಂದೆ ಕೆಸರಿನಲ್ಲಿ ಚಿಪ್ಪು ಹೆಕ್ಕಲು ಹೋದವಳು. ಆದರೂ ದೋಣಿಕಟ್ಟೆಯ ಮಂದಿಗೆಲ್ಲ ಅವಳು ಟೀಚರಮ್ಮನೇ. ದೋಣಿಯಲ್ಲಿ ಅವಳು ಮಾತಾಡುವಾಗ ಯಾರಾದರೂ ಮೊಬೈಲ್ ತೆಗೆದರೆ ಸಾಕು, ಮಾತನ್ನು ಅಲ್ಲಿಗೇ ನಿಲ್ಲಿಸಿ, "ನೀವು ಮುಗಿಸಿ, ನಾನು ಕಾಯ್ತೀನಿ" ಎಂದು ಕೈಕಟ್ಟಿ ನಿಲ್ಲುತ್ತಿದ್ದಳು. ಎಂಥೆಂಥ ದೊಡ್ಡ ಮನುಷ್ಯರೂ ಮುಖ ಸಣ್ಣಗೆ ಮಾಡಿಕೊಂಡು ಮೊಬೈಲನ್ನು ಜೇಬಿಗೆ ಸೇರಿಸುತ್ತಿದ್ದರು. ಹೆಸರು ಹಾಗೆ ಬಂತು, ಹಾಗೇ ಅಂಟಿಕೊಂಡಿತು.

ನದಿ ಸಮುದ್ರ ಸೇರುವ ಜಾಗವನ್ನು ಮೊದಲ ಸಲ ನೋಡುವವರಿಗೆಂದು ಒಂದೂವರೆ ಗಂಟೆಯ ದೋಣಿ ಸುತ್ತಾಟವೊಂದಿತ್ತು. ಅದರಲ್ಲಿ ವಿವರಣೆ ಕೊಡುವುದು ಟೀಚರಮ್ಮನ ಕೆಲಸ. ಟಿಕೆಟ್ಟಿನ ಮೇಲೆ 'ನದೀಮುಖಜ ಭೂಮಿ ಪರಿಚಯ ಪ್ರವಾಸ' ಎಂದು ಅಚ್ಚಾಗಿತ್ತು. ಅಷ್ಟು ಉಚ್ಚರಿಸುವಷ್ಟರಲ್ಲಿ ದೋಣಿ ಅರ್ಧ ದಾರಿ ಹೋಗಿರುತ್ತದೆಂದು ಅವಳು ಅಳಿವೆ ಎಂದೇ ಹೇಳುತ್ತಿದ್ದಳು. ದೋಣಿ ನಡೆಸುವವನು ಅವಳ ಮೈದುನ. ಕಟ್ಟೆಯ ಮೇಲಿನ ತಗಡಿನ ಗೂಡಿನಲ್ಲಿ ಟಿಕೆಟ್ ಹರಿಯುವವನು ಗಂಡ. ಮನೆಗೆ ಬೇಕಾದ ಮಾತನ್ನೆಲ್ಲ ಹೆಂಡತಿಯೇ ಆಡಿ ಮುಗಿಸುತ್ತಾಳೆಂದು ಆತ ಮದುವೆಯಾದ ವರ್ಷವೇ ಬಾಯಿಗೆ ಬೀಗ ಹಾಕಿಕೊಂಡವನು. ಹೀಗೆ ಮೂವರ ಹೊಟ್ಟೆಪಾಡೂ ಇಪ್ಪತ್ತೆರಡು ವರ್ಷದಿಂದ ಆ ಒಂದೂವರೆ ಗಂಟೆಯಲ್ಲೇ ನಡೆದು ಬಂದಿತ್ತು.

ಅಳಿವೆಗೆ ಬರುವವರ ತಲೆಯಲ್ಲಿ ಒಂದು ಚಿತ್ರ ಇರುತ್ತದೆ. ಅಷ್ಟು ದೊಡ್ಡ ನದಿ, ಅಷ್ಟು ದೊಡ್ಡ ಸಮುದ್ರ, ಎರಡೂ ಡಿಕ್ಕಿ ಹೊಡೆದುಕೊಂಡರೆ ಏನು ಸದ್ದು, ಏನು ನೊರೆ! ಬಂದು ನೋಡಿದರೆ ಅಂಥದ್ದೇನೂ ಇರುವುದಿಲ್ಲ. ನದಿ ಸಮುದ್ರ ಕಾಣುವ ಮೊದಲೇ ಹತ್ತಾರು ಕವಲಾಗಿ ಒಡೆದು, ಕೆಸರಿನ ದಿಬ್ಬಗಳ ಮಧ್ಯೆ ನುಸುಳಿ, ತುಟಿ ಪಿಟಕ್ಕೆನ್ನದೆ ಮುಗಿದುಹೋಗುತ್ತದೆ. ಅದನ್ನು ಕಂಡು ಪ್ರತಿ ದೋಣಿಯಲ್ಲೂ ಒಬ್ಬರಾದರೂ "ಇಷ್ಟೇನಾ?" ಎನ್ನುತ್ತಿದ್ದರು. ಟೀಚರಮ್ಮನಿಗೆ ಆ ಒಂದು ಮಾತು ಕೇಳಿದರೆ ಮೈಯೆಲ್ಲ ಉರಿ. ತನ್ನ ತವರುಮನೆಗೆ ಬಂದು ಮೂಗು ಮುರಿದವರನ್ನು ಹೇಗೆ ನೋಡಬೇಕೋ ಹಾಗೆ ಅವರನ್ನು ನೋಡುತ್ತಿದ್ದಳು.

ಈ 'ಇಷ್ಟೇನಾ'ಗಳು ಸೇರಿ ಸೇರಿ ಪ್ರವಾಸೋದ್ಯಮ ಇಲಾಖೆಯ ಆಫೀಸಿನವರೆಗೂ ಹೋದವು. ಪಟ್ಟಣದಿಂದ ಇಡೀ ದಿನದ ದೊಡ್ಡ ದೋಣಿ ಹೇಗೂ ಓಡುತ್ತಿದೆ, ಹೊಸಬರಿಗೆಂದು ಈ ಚಿಕ್ಕ ಸುತ್ತಾಟ ಬೇಕೇ ಬೇಡವೇ ಎಂದು ನೋಡಿ ವರದಿ ಕೊಡಲು ಅಧಿಕಾರಿಯೊಬ್ಬರು ಬರುತ್ತಾರೆ ಎಂಬ ಕಾಗದ ಬಂತು. ಗಂಡ ಕಾಗದ ಮಡಚಿ ಡ್ರಾಯರಿನಲ್ಲಿಟ್ಟ.

ಹೇಳಿದ ದಿನ ಬೆಳಿಗ್ಗೆ ಮೈದುನ ನೀರಿನ ಕಡೆ ನೋಡಿಕೊಂಡು ತಲೆ ಕೆರೆದುಕೊಂಡ. "ಅತ್ತಿಗೆ, ಇವತ್ತು ಇಳಿತ ಜಾಸ್ತಿ ಇದೆ. ಇಂಜಿನ್ ಕೆಟ್ಟಿದೆ ಅಂತ ಹೇಳಿ ನಾಲ್ಕು ದಿನ ಮುಂದಕ್ಕೆ ಹಾಕೋಣ. ಆಗ ನೀರು ತುಂಬಿರುತ್ತೆ, ನೋಡೋಕೂ ಚೆನ್ನ."

"ಸುಳ್ಳು ಹೇಳಿ ಒಳ್ಳೆ ಹೆಸರು ತಗೊಳ್ಳೋದು ಬೇಡ ಮಾರಾಯ. ಬೇಗ ಹೋಗಿ ಬೇಗ ಬಂದ್ರಾಯ್ತು."

"ಬೇಗ ಬರಬೇಕು ಅಂದ್ರೆ ನೀವು ಸ್ವಲ್ಪ..." ಎಂದವನು ನಾಲಿಗೆ ಕಚ್ಚಿಕೊಂಡ.

"ಸ್ವಲ್ಪ ಏನು? ಬಾಯಿ ಮುಚ್ಕೋಬೇಕಾ? ನೀನು ಟೋಪಿ ತೆಗೆದ್ರೆ ನಾನು ಯಾವತ್ತಾದ್ರೂ ಮುಂದಕ್ಕೆ ಒಂದು ಮಾತಾಡಿದ್ದೀನಾ?"

ಅದು ನಿಜ. ಅಳಿವೆಯ ಬಾಯಿಯಲ್ಲಿ ದೋಣಿ ನಿಲ್ಲಿಸಿ ಅವಳು ವಿವರಣೆ ಕೊಡುವಾಗ ಅವನು ನೀರನ್ನೇ ನೋಡುತ್ತಿರುತ್ತಾನೆ. ವಾಪಸು ಹೋಗಬೇಕಾದ ಹಿಂದಿನ ಕವಲಿನಲ್ಲಿ ನೀರು ಇಳಿಯುತ್ತಾ ಬಂದು ಇನ್ನು ತಡ ಮಾಡಬಾರದು ಎನ್ನುವ ಹೊತ್ತಿಗೆ ಟೋಪಿ ತೆಗೆದು ಮೊಣಕಾಲಿಗೆ ಬಡಿಯುತ್ತಾನೆ. ಪ್ರವಾಸಿಗರು ಧೂಳು ಕೊಡವುತ್ತಿದ್ದಾನೆ ಎಂದುಕೊಳ್ಳುತ್ತಾರೆ. ಟೀಚರಮ್ಮ ಬಾಯಲ್ಲಿದ್ದ ವಾಕ್ಯ ಮುಗಿಸಿ ಕೂತುಬಿಡುತ್ತಾಳೆ. ಅಲ್ಲಿ ಹತ್ತು ನಿಮಿಷ ತಡವಾದರೆ ಒಂದು ಗೇಣು ನೀರು ಇಳಿದಿರುತ್ತದೆ. ಇಪ್ಪತ್ತೆರಡು ವರ್ಷದಲ್ಲಿ ಒಮ್ಮೆಯೂ ಅವರ ದೋಣಿ ಕೆಸರು ಕಚ್ಚಿರಲಿಲ್ಲ.

ಅಧಿಕಾರಿ ಮೂವತ್ತರ ಆಸುಪಾಸಿನ ಹೆಂಗಸು. ರಟ್ಟಿಗೆ ಸಿಕ್ಕಿಸಿದ ಫಾರಂ, ಎರಡು ಪೆನ್ನು, ಕಟ್ಟುನಿಟ್ಟಾದ ಮುಖ. ಅವರಲ್ಲದೆ ದೋಣಿಯಲ್ಲಿ ನಾಲ್ಕು ಜನ ಇದ್ದರು. ಹೊಸದಾಗಿ ಮದುವೆಯಾದ ಒಂದು ಜೋಡಿ, ನಿವೃತ್ತರಾದ ಲಾರಿ ಡ್ರೈವರೊಬ್ಬರು, ಮತ್ತು ಅವರ ಹೆಂಡತಿ. ಟೀಚರಮ್ಮ ದಾರಿಯುದ್ದಕ್ಕೂ ಅಳೆದು ತೂಗಿ ಮಾತಾಡಿದಳು. ಮೇಡಂ ಒಂದೊಂದು ಖಾನೆಗೂ ಗುರುತು ಹಾಕುತ್ತಾ ಬಂದರು. ಆಸನ ಅನುಕೂಲವಾಗಿದೆಯೇ, ಹೌದು. ಧ್ವನಿ ಕೇಳಿಸುತ್ತದೆಯೇ, ಹೌದು. ಆ ಪ್ರಶ್ನೆಯ ಗುರುತಿನ ಮೇಲೆ ಅವರು ಮತ್ತೊಮ್ಮೆ ಗೆರೆ ಎಳೆದು ದಪ್ಪ ಮಾಡಿದ್ದನ್ನು ಮೈದುನ ನೋಡಿ ನಗು ನುಂಗಿಕೊಂಡ.

ಅಳಿವೆಯ ಬಾಯಿ ಬಂತು. ಇಂಜಿನ್ ನಿಂತಿತು. ಎದುರಿಗೆ ಬೂದು ಬಣ್ಣದ ನೀರು, ಬೂದು ಬಣ್ಣದ ಕೆಸರು, ದೂರದಲ್ಲಿ ಸಮುದ್ರ ಎಂದು ನಂಬಬೇಕಾದ ಒಂದು ಗೆರೆ. ಡ್ರೈವರ್ ಎಡಕ್ಕೆ ನೋಡಿದರು, ಬಲಕ್ಕೆ ನೋಡಿದರು.

"ಇಷ್ಟೇನಾ?" ಎಂದರು.

ಮೇಡಂ ಅದನ್ನು ಬರೆದುಕೊಂಡರು.

ಅಷ್ಟು ಸಾಕಾಯಿತು. ಬೆಳಿಗ್ಗೆಯಿಂದ ಹಿಡಿದಿಟ್ಟದ್ದೆಲ್ಲ ಒಮ್ಮೆಲೇ ಕಟ್ಟೆ ಒಡೆಯಿತು. "ಇಷ್ಟೇ ಅಂದ್ರೆ? ನೀವು ನಿಂತಿರೋದು ಎಲ್ಲಿ ಅಂತ ಗೊತ್ತಾ? ನನ್ನಜ್ಜಿ ಕಾಲದಲ್ಲಿ ಇಲ್ಲಿ ನೆಲಾನೇ ಇರ್ಲಿಲ್ಲ" ಎಂದು ಶುರು ಹಚ್ಚಿದಳು. ಡ್ರೈವರ್ ಮರುಪ್ರಶ್ನೆ ಹಾಕಿದರು. ಮದುಮಗಳು ಹಕ್ಕಿಗಳ ಬಗ್ಗೆ ಕೇಳಿದಳು. ಮೇಡಂ ಕೂಡ ಪೆನ್ನು ನಿಲ್ಲಿಸಿ ಏನೇನೋ ಕೇಳಿದರು. ಮೈದುನ ಟೋಪಿ ತೆಗೆದ. ಟೀಚರಮ್ಮ ನೋಡಿದಳು. ನೋಡಿದಳು ಎಂಬುದೇ ಇಲ್ಲಿ ಮುಖ್ಯ. ಕಾಣಲಿಲ್ಲ ಎಂದು ಆಮೇಲೂ ಅವಳು ಯಾರಿಗೂ ಹೇಳಲಿಲ್ಲ. ಇನ್ನೊಂದು ಮಾತು ಹೇಳಿ ಮುಗಿಸಿಬಿಡುತ್ತೇನೆ ಎಂದುಕೊಂಡಳು. ಅವನು ಎರಡನೇ ಸಲ ಟೋಪಿ ಬಡಿದ. ಮೂರನೇ ಸಲ ಬಡಿಯದೆ ಸೀದಾ ಇಂಜಿನ್ ಹಾಕಿ ದೋಣಿ ತಿರುಗಿಸಿದ.

ಹಿಂದಿನ ಕವಲು ಅರ್ಧ ದಾಟುವಷ್ಟರಲ್ಲಿ ದೋಣಿಯ ತಳ ಸರ್ರೆಂದು ಸವರಿ ನಿಂತಿತು. ಮೈದುನ ಕೋಲು ಹಾಕಿ ತಳ್ಳಿದ, ಇಳಿದು ಹೆಗಲು ಕೊಟ್ಟ. ಏನೂ ಪ್ರಯೋಜನವಾಗಲಿಲ್ಲ. ಹಣೆಯ ಬೆವರು ಒರೆಸಿಕೊಂಡು, "ನೀರು ತಿರುಗಿ ಬರಬೇಕು. ಎರಡು ಗಂಟೆಯಾದ್ರೂ ಆಗುತ್ತೆ" ಎಂದ.

ಮೇಡಂ ಗಡಿಯಾರ ನೋಡಿ ಬರೆದುಕೊಂಡರು. ಟೀಚರಮ್ಮ ಮೂಲೆ ಹಿಡಿದು ಕೂತಳು. ನನ್ನ ನಾಲಿಗೆಗಿಷ್ಟು ಬೆಂಕಿ ಬೀಳ, ಮೂರು ಜನರ ಕೆಲಸ ಕಳೆದುಬಿಟ್ಟೆ ಎಂದು ಒಳಗೊಳಗೇ ತನ್ನನ್ನು ತಾನೇ ಬೈದುಕೊಂಡಳು. ಸುತ್ತ ನೀರು ಇಳಿಯುತ್ತಲೇ ಹೋಯಿತು. ಕಾಲು ಗಂಟೆಯಲ್ಲಿ ದೋಣಿಯ ನಾಲ್ಕೂ ಕಡೆ ಬರೀ ಕೆಸರು.

ಡ್ರೈವರ ಹೆಂಡತಿ ಅಲ್ಲಿಯವರೆಗೆ ಒಂದು ಮಾತೂ ಆಡಿರಲಿಲ್ಲ. ಈಗ ದೋಣಿಯ ಅಂಚಿನಿಂದ ಬಗ್ಗಿ ನೋಡುತ್ತಾ, "ಅಲ್ಲಮ್ಮಾ, ಈಗ ನದಿ ಎಲ್ಲಿಗೆ ಹೋಯ್ತು?" ಎಂದು ಕೇಳಿದರು.

ಅದರಲ್ಲಿ ಕೊಂಕಿರಲಿಲ್ಲ, ಚಿಕ್ಕ ಮಕ್ಕಳು ಕೇಳುವಂತೆ ಕೇಳಿದ್ದರು. ಟೀಚರಮ್ಮ ಸೀರೆ ಎತ್ತಿ ಕಟ್ಟಿ ಕೆಸರಿಗೆ ಇಳಿದಳು. ಮೊಣಕಾಲಿನವರೆಗೆ ಹೂತು ನಿಂತು, "ಇಲ್ಲಿ ನೋಡಿ" ಎಂದು ಬೆರಳು ತೋರಿಸಿದಳು.

ಕೆಸರಿನ ದಿಬ್ಬದ ಮೇಲೆ ಬೊಗಸೆಯಷ್ಟು ನೀರು ಉಳಿದಿತ್ತು. ಅದು ಬೆರಳಗಲದ ತೊರೆಯಾಗಿ ಇಳಿಯುತ್ತಿತ್ತು. ಸ್ವಲ್ಪ ದೂರ ಬಂದು ಎರಡಾಗಿ, ಎರಡು ನಾಲ್ಕಾಗಿ, ಕೊನೆಗೆ ಲೆಕ್ಕಕ್ಕೆ ಸಿಗದ ಎಳೆಗಳಾಗಿ ಹರಡಿ ಕವಲಿನ ಅಂಚಿನಲ್ಲಿ ಇಲ್ಲವಾಗುತ್ತಿತ್ತು.

"ಆಕಾಶದಿಂದ ನೋಡಿದ್ರೆ ನಮ್ಮ ಅಳಿವೆ ಥೇಟ್ ಹಿಂಗೇ ಕಾಣೋದು. ನದಿ ಅಷ್ಟು ದೂರದಿಂದ ಮಣ್ಣು ಹೊತ್ಕೊಂಡು ಬಂದಿರುತ್ತೆ. ಇಲ್ಲಿ ನೆಲ ಸಪಾಟು, ಓಡೋಕೆ ಶಕ್ತಿ ಇಲ್ಲ. ಹೊತ್ತಿದ್ದನ್ನ ಇಳಿಸುತ್ತೆ. ಇಳಿಸಿದ ಮಣ್ಣೇ ದಾರಿಗೆ ಅಡ್ಡ. ಸರಿ, ಪಕ್ಕಕ್ಕೆ ಹೋಗುತ್ತೆ. ಅಲ್ಲೂ ಇಳಿಸುತ್ತೆ."

"ಲೋಡ್ ಇಳಿಸೋದು ಅನ್ನಿ!" ಡ್ರೈವರ್ ಎದ್ದೇ ನಿಂತರು. "ನಾನು ಮೂವತ್ತೈದು ವರ್ಷ ಮಾಡಿದ್ದೂ ಅದೇ." ಪ್ಯಾಂಟು ಮಡಚಿಕೊಂಡು ಅವರೂ ಇಳಿದರು. ಅವರ ಹಿಂದೆ ಹೆಂಡತಿ, ಆಮೇಲೆ ಹೊಸ ಜೋಡಿ. ಮದುಮಗ ಎರಡು ಸಲ ಜಾರಿ ಬಿದ್ದು, ಮದುಮಗಳ ಮುಂದೆ ಇದ್ದ ಬದ್ದ ಗತ್ತನ್ನೆಲ್ಲ ಕಳೆದುಕೊಂಡು ಒಳ್ಳೆಯ ಹುಡುಗನಾದ. ಮೇಡಂ ಮಾತ್ರ ದೋಣಿಯಲ್ಲೇ ಕೂತು ಬರೆಯುತ್ತಿದ್ದರು. ತಪ್ಪುಗಳು ಎಷ್ಟಿವೆಯೋ ಅಷ್ಟನ್ನೂ ಬರೆದುಕೊಳ್ಳಲಿ, ಇನ್ನು ಮುಚ್ಚಿಡುವುದಕ್ಕೆ ಏನಿದೆ ಎಂದು ಟೀಚರಮ್ಮ ಆ ಕಡೆ ನೋಡುವುದನ್ನೇ ಬಿಟ್ಟಳು.

ಅವಳು ಯಾವತ್ತೂ ದೋಣಿಯಲ್ಲಿ ಹೇಳದಿದ್ದ ಮಾತುಗಳನ್ನು ಅವತ್ತು ಹೇಳಿದಳು. "ನೀರು ತಿರುಗೋದನ್ನ ನಮ್ಮಮ್ಮ ಪಾದದಲ್ಲೇ ತಿಳ್ಕೋತಿದ್ಳು. ಬಿಸಿಲಲ್ಲಿ ನಿಂತ ನೀರು ಬೆಚ್ಚಗಿರುತ್ತೆ, ಸಮುದ್ರದಿಂದ ಬರೋದು ತಣ್ಣಗೆ. ಅದು ಗೊತ್ತಾಗ್ಬೇಕು ಅಂದ್ರೆ ಮನಸ್ಸು ಪಾದದಲ್ಲಿರಬೇಕು. ನಾನೋ, ಹುಟ್ಟಿದಾಗಿಂದ ಹಿಂಗೇ. ವಟವಟ. ನಿನ್ನ ಬಾಯಿ ಒಂದಿನ ನಮ್ಮನ್ನ ಮುಳುಗಿಸುತ್ತೆ ಕಣೇ ಅಂತ ಬೈತಿದ್ಳು."

"ಮುಳುಗಿಸಲಿಲ್ಲ ಬಿಡಿ," ಎಂದರು ಡ್ರೈವರ್, "ಒಣಗಿಸ್ತು."

ಎಲ್ಲರೂ ನಕ್ಕರು. ಟೀಚರಮ್ಮ ಕೂಡ ನಕ್ಕಳು, ಆದರೆ ಕಣ್ಣಲ್ಲಿ ನೀರು ಬಂದದ್ದು ನಗುವಿಗಲ್ಲ. ಅಮ್ಮ ತೀರಿಕೊಂಡು ಹದಿನೆಂಟು ವರ್ಷವಾಗಿತ್ತು. ಅವಳ ಬಗ್ಗೆ ಹೊರಗಿನವರ ಮುಂದೆ ಬಾಯಿಬಿಟ್ಟದ್ದು ಇದೇ ಮೊದಲು.

ಆಮೇಲೆ ಎಲ್ಲರೂ ಪಾದದಲ್ಲೇ ಮನಸ್ಸಿಟ್ಟು ನಿಂತರು. ಎಷ್ಟು ಹೊತ್ತಿನ ಮೇಲೋ, ಡ್ರೈವರ ಹೆಂಡತಿ ಪಿಸುದನಿಯಲ್ಲಿ, "ಬಂತು, ತಣ್ಣಗಾಯ್ತು" ಎಂದರು.

ದೋಣಿ ತೇಲಿ ಕಟ್ಟೆ ಮುಟ್ಟಿದಾಗ ಒಂದೂವರೆ ಗಂಟೆಯ ಸುತ್ತಾಟಕ್ಕೆ ನಾಲ್ಕು ಗಂಟೆ ಹಿಡಿದಿತ್ತು. ಪ್ರವಾಸಿಗರು ಕಾಲು ತೊಳೆಯಲು ನಲ್ಲಿಯ ಕಡೆ ಹೋದರು. ಮೇಡಂ ಟಿಕೆಟ್ ಗೂಡಿನ ಮುಂದಿನ ಬೆಂಚಿನ ಮೇಲೆ ಕೂತು ಫಾರಂ ತಿರುಗಿಸಿದರು. "ವಿಳಂಬಕ್ಕೆ ಕಾರಣ ಬರೀಬೇಕು. ಹವಾಮಾನ, ಇಂಜಿನ್, ಚಾಲಕ. ಮೂರೇ ಖಾನೆ ಇರೋದು."

"ಚಾಲಕ ಅಂತ ಹಾಕಿ," ಎಂದ ಮೈದುನ. "ನಾನು ನೀರು ನೋಡ್ಕೋಬೇಕಿತ್ತು."

"ಸುಮ್ನಿರೋ!" ಟೀಚರಮ್ಮ ಗದರಿದಳು. "ಮೇಡಂ, ಹಂಗೆ ಬರೆದ್ರೆ ಇವನ ಲೈಸೆನ್ಸ್ ಹೋಗುತ್ತೆ. ಇವನು ಎರಡು ಸಲ ಟೋಪಿ ತೆಗೆದು ಹೇಳ್ದ, ನಾನು ಕಿವಿಗೆ ಹಾಕ್ಕೊಳ್ಳಲಿಲ್ಲ. ನನ್ನ ಮಾತು ನಿಲ್ಲಲಿಲ್ಲ, ಅದೇ ಕಾರಣ."

"ಅದಕ್ಕೆ ಖಾನೆ ಇಲ್ಲ."

"ಪಕ್ಕದಲ್ಲಿ ಬರೀರಿ."

ಮೇಡಂ ತಲೆಯೆತ್ತಿ ನೋಡಿದರು. "ನಾನು ಬರೆದ್ರೆ ಅದು ಹಾಗೇ ಮೇಲಕ್ಕೆ ಹೋಗುತ್ತೆ. ಗೈಡೇ ಬೇಡ ಅಂತಾನೂ ಆಗಬಹುದು. ಯೋಚ್ನೆ ಮಾಡಿ."

ಟೀಚರಮ್ಮ ಗೂಡಿನೊಳಗಿದ್ದ ಗಂಡನನ್ನು ನೋಡಿದಳು. ಅವನು ಹೂಂ ಎನ್ನುವಂತೆ ತಲೆ ಆಡಿಸಿದ. "ಬರೀರಿ," ಎಂದಳು.

"ಕೊನೇದೊಂದು. ಮೊದಲ ಸಲ ಬರೋರಿಗೆ ಈ ಒಂದೂವರೆ ಗಂಟೆ ಸಾಕಾ? ನೀವೇ ಹೇಳಿ."

ಸಾಕು ಎಂದಿದ್ದರೆ ಮೂವರಿಗೂ ಒಳ್ಳೆಯದಿತ್ತು. ಆದರೆ ಆ ಮಧ್ಯಾಹ್ನ ಡ್ರೈವರ ಹೆಂಡತಿಯ ಮುಖ ನೋಡಿದ ಮೇಲೆ ಅವಳಿಗೆ ಆ ಸುಳ್ಳು ಬಾಯಿಗೆ ಬರಲಿಲ್ಲ. "ನೀರು ತುಂಬಿರೋ ದಿನ ಸಾಕು. ಇವತ್ತಿನ ಥರ ಇಳಿದಿರೋ ದಿನ ಸಾಲದು. ಅಂಥ ದಿನ ಒಂದೂವರೆ ಗಂಟೆ ಅಂತ ಟಿಕೆಟ್ ಮಾರಬಾರದು. ಮೋಸ ಅದು."

ಮೂರು ವಾರ ಯಾವ ಸುದ್ದಿಯೂ ಇರಲಿಲ್ಲ. ಆ ಮೂರು ವಾರ ಟೀಚರಮ್ಮ ದೋಣಿಯಲ್ಲಿ ಎರಡು ಮಾತಾಡುವಲ್ಲಿ ಒಂದೇ ಮಾತು ಆಡಿದಳು. ಯಾರೋ ಇಡೀ ದಾರಿ ಮೊಬೈಲ್ ನೋಡಿದರೂ ಸುಮ್ಮನಿದ್ದಳು. ಮೈದುನ ಟೋಪಿ ತೆಗೆಯುವ ಮೊದಲೇ ಕೂತುಬಿಡುತ್ತಿದ್ದಳು. "ಮೈಯಲ್ಲಿ ಹುಷಾರಿಲ್ವಾ?" ಎಂದು ಕಟ್ಟೆಯಲ್ಲಿ ಜನ ಕೇಳತೊಡಗಿದರು. ಮನೆಯಲ್ಲೂ ಅಷ್ಟೇ, ಗಂಡನಿಗೆ ದಿಕ್ಕು ತೋಚದೆ ಅವನೇ ನಾಲ್ಕು ಮಾತು ಆಡಬೇಕಾಯಿತು.

ವರದಿಯ ಪ್ರತಿ ಬಂದಾಗ ಮೈದುನ ಬೆಂಚಿನ ಮೇಲೆ ಕೂತು ಗಟ್ಟಿಯಾಗಿ ಓದಿದ. ಸುತ್ತಾಟ ಮುಂದುವರಿಯತಕ್ಕದ್ದು. ಹೊರಡುವ ವೇಳೆಯನ್ನು ಗಡಿಯಾರದ ಬದಲು ನೀರು ನೋಡಿ ಚಾಲಕನೇ ನಿಗದಿ ಮಾಡತಕ್ಕದ್ದು. ನೀರು ಇಳಿದ ದಿನಗಳಲ್ಲಿ ಕೆಸರಿಗೆ ಇಳಿಸಿ ತೋರಿಸುವ ನಾಲ್ಕು ಗಂಟೆಯ ಟಿಕೆಟ್ ಬೇರೆಯೇ ಇರತಕ್ಕದ್ದು. ಗಂಡ ಗೂಡಿನಿಂದ ಹೊರಗೆ ಬಂದು ನಿಂತ.

"ನನ್ನದೇನು? ಅದನ್ನ ಓದು," ಎಂದಳು ಟೀಚರಮ್ಮ.

ಮೈದುನ ಹಾಳೆ ತಿರುಗಿಸಿದ. ಮೂರು ಖಾನೆಗಳೂ ಖಾಲಿ ಇದ್ದವು. ಪಕ್ಕದ ಅಂಚಿನಲ್ಲಿ ಸಣ್ಣ ಅಕ್ಷರದಲ್ಲಿ ಕೈಬರಹ ಇತ್ತು. ಅವನು ಕಾಗದವನ್ನು ಕಣ್ಣಿಗೆ ಹತ್ತಿರ ಹಿಡಿದು ಓದಿದ.

"ವಿಳಂಬಕ್ಕೆ ಕಾರಣ: ಗೈಡ್ ಮಾತು ನಿಲ್ಲಿಸಲಿಲ್ಲ. ಪ್ರಯಾಣಿಕರು ಪ್ರಶ್ನೆ ಕೇಳುವುದನ್ನೂ ನಿಲ್ಲಿಸಲಿಲ್ಲ. ನಾನೂ ಮೂರು ಪ್ರಶ್ನೆ ಕೇಳಿದೆ."

ಟೀಚರಮ್ಮ ಬೆಂಚಿನ ಮೇಲೆ ಅವನ ಪಕ್ಕ ಬಂದು ಕೂತಳು.

"ಇನ್ನೊಂದ್ಸಲ ಓದೋ," ಎಂದಳು.