ಎರಡು ಭಾಷೆಯಲ್ಲಿ ಮುಗಿದ ಕಾದಂಬರಿ

ದೋಸೆ ಹೊಯ್ಯುತ್ತಿದ್ದ ಸುಮಿತ್ರಾಳ ಕೈಯಿಂದ ಸೌಟು ಬಿತ್ತು. ಎತ್ತಲು ಬಗ್ಗಿದವಳು ಹಾಗೆಯೇ ಗೋಡೆಗೆ ಒರಗಿ ಕುಳಿತಳು. ಬಲಗೈ ಮಡಿಲಲ್ಲಿ ಬಿದ್ದಿತ್ತು, ಬೇರೆ ಯಾರದೋ ಕೈಯ ಹಾಗೆ.

"ಎಂತ ಆಯ್ತು? ಸುಮಿತ್ರಾ, ಎಂತ ಆಯ್ತು?" ಎನ್ನುತ್ತಾ ನಾನು ಓಡಿಬಂದೆ.

ಅವಳ ತುಟಿ ಅಲುಗಿತು. ಮಾತು ಬರಲಿಲ್ಲ.

ನನ್ನ ಹೆಂಡತಿ ಕಾದಂಬರಿಕಾರ್ತಿ. ಹೆಸರು ಹೇಳಿದರೆ ಹೆಚ್ಚು ಜನರಿಗೆ ಗೊತ್ತಾಗದು. ಬ್ಯಾಂಕಿನವರು ನನ್ನನ್ನು ಮಂಗಳೂರಿನಿಂದ ಕೊಚ್ಚಿಗೆ ವರ್ಗ ಮಾಡಿದ ಮೇಲೆ, ಎಡಪ್ಪಳ್ಳಿಯ ಬಾಡಿಗೆ ಮನೆಯಲ್ಲಿ ಅವಳು ಬರೆದ ಮೊದಲ ಕಾದಂಬರಿ ವಾರಪತ್ರಿಕೆಯಲ್ಲಿ ಬಂತು, ಪುಸ್ತಕವಾಯಿತು, ಸದ್ದಿಲ್ಲದೆ ಮರೆಯಾಯಿತು. ಅವಳಿಗೆ ಬೇಸರವಿರಲಿಲ್ಲ. "ಎರಡನೇದು ನೋಡಿ. ಅದು ನಿಲ್ತದೆ" ಎನ್ನುತ್ತಿದ್ದಳು. ಗಂಡ ಸತ್ತ ಮೇಲೆ, ಜನರನ್ನು ಹೊಳೆ ದಾಟಿಸುವ ಕಡವಿನ ದೋಣಿಯನ್ನು ತಾನೇ ನಡೆಸುವ ಹೆಂಗಸಿನ ಕಥೆ ಅದು. ಒಂದೇ ಅಧ್ಯಾಯ ಉಳಿದಿತ್ತು.

ಕೊಚ್ಚಿಯ ಡಾಕ್ಟರು ನಮ್ಮನ್ನು ತಿರುವನಂತಪುರದ ಮೆಡಿಕಲ್ ಕಾಲೇಜಿಗೆ ಕಳಿಸಿದರು. ಚಿಕ್ಕಂದಿನ ರುಮ್ಯಾಟಿಕ್ ಜ್ವರ ಅವಳ ಹೃದಯದ ವಾಲ್ವನ್ನು ಕಿರಿದಾಗಿಸಿತ್ತು. ಅಲ್ಲಿ ಹೆಪ್ಪುಗಟ್ಟಿದ ರಕ್ತ ಮಿದುಳಿಗೆ ಹೋಗಿ ಸ್ಟ್ರೋಕ್ ಆಗಿತ್ತು.

"ಮಾತು ಬರಬಹುದು," ಎಂದರು ಅಲ್ಲಿಯ ಡಾಕ್ಟರು. "ಹೃದಯದ ಬಗ್ಗೆ ಮಾತ್ರ ಭರವಸೆ ಕೊಡಲಾರೆ."

ಅವಳಿಗಿನ್ನೂ ಮೂವತ್ತನಾಲ್ಕು ವರ್ಷ.

ಆಸ್ಪತ್ರೆಯ ಹತ್ತಿರ ಉಳ್ಳೂರಿನಲ್ಲಿ ಒಂದು ಕೋಣೆ ಹಿಡಿದು ನಾನೂ ಮಗಳು ಜಯಾಳೂ ವಾರ್ಡಿಗೆ ಗಂಜಿ ಹೊತ್ತೆವು. ಒಂದು ಬೆಳಿಗ್ಗೆ ಸುಮಿತ್ರಾ ಲೋಟವನ್ನೇ ನೋಡುತ್ತಾ, ಕಷ್ಟಪಟ್ಟು, ಬಾಯಿಬಿಟ್ಟಳು.

"ವೆಳ್ಳಂ."

ನೀರು ಎನ್ನಲಿಲ್ಲ.

ಹುಟ್ಟಿದ ಭಾಷೆ, ಬರೆದ ಭಾಷೆ ಒಳಗೇ ಸಿಕ್ಕಿಕೊಂಡಿತ್ತು. ಮೀನಿನ ಮಾರುಕಟ್ಟೆಯಲ್ಲಿ, ಬಸ್ ಸ್ಟಾಪಿನಲ್ಲಿ ಕಲಿತ ಮಲಯಾಳಂ ಮೊದಲು ಹೊರಬಂತು. ಕೆಲವರಿಗೆ ಹೀಗಾಗುವುದುಂಟು, ಯಾಕೆಂದು ಗೊತ್ತಿಲ್ಲ ಎಂದರು ಡಾಕ್ಟರು. ಹೆಂಡತಿ ಬದುಕಿದ್ದಕ್ಕೆ ಸಂತೋಷಪಡಬೇಕಾದ ನಾನು ವರಾಂಡಕ್ಕೆ ಹೋಗಿ ಅತ್ತೆ.

ಜಯಾ ಅಳಲಿಲ್ಲ. ಹನ್ನೆರಡರ ಹುಡುಗಿ. ಕನ್ನಡದಲ್ಲಿ ಕೇಳಿದರೆ ಮಲಯಾಳದಲ್ಲಿ ಉತ್ತರಿಸುವವಳು. ಅದಕ್ಕಾಗಿ ಅಮ್ಮನಿಂದ ಬೈಸಿಕೊಂಡವಳು. ಈಗ ಮಂಚದ ಪಕ್ಕ ಕೂತು ಅದೇ ಮಲಯಾಳದಲ್ಲಿ ಶಾಲೆಯ ಸುದ್ದಿಯೆಲ್ಲ ಹೇಳಿದಳು. ಅಮ್ಮ ಒಂದೊಂದೇ ಶಬ್ದ ಹೆಕ್ಕಿ ಉತ್ತರ ಕೊಟ್ಟಳು.

ಎಡಪ್ಪಳ್ಳಿಗೆ ಮರಳಿದ ಮೇಲೆ ಸುಮಿತ್ರಾ ಎಡಗೈಯಿಂದ ಹಸ್ತಪ್ರತಿಯನ್ನು ತೋರಿಸಿದಳು. ಮಗಳ ಕೈಗೆ ಪೆನ್ನು ಕೊಡಿಸಿದಳು.

"ತೋಣಿ," ಎಂದಳು.

"ಅಪ್ಪಾ, ತೋಣಿಗೆ ಕನ್ನಡದಲ್ಲಿ ಎಂತ?"

"ದೋಣಿ."

"ದೋಣಿ," ಸುಮಿತ್ರಾ ತಾನೂ ಹೇಳಿದಳು. ನಕ್ಕಳು. ಬಾಯಿ ಇನ್ನೂ ಒಂದು ಬದಿಗೆ ಎಳೆಯುತ್ತಿತ್ತು.

ಹಾಗೆ ಸಾಗಿತು. ಕೆಲವು ದಿನ ಎರಡು ಸಾಲು, ಕೆಲವು ದಿನ ಏನೂ ಇಲ್ಲ. ಕಾಲು ಬಾತುಕೊಳ್ಳುತ್ತಿತ್ತು, ದಿಂಬು ಏರಿಸದೆ ಉಸಿರಾಡಲು ಆಗುತ್ತಿರಲಿಲ್ಲ. ಮಾತ್ರೆ ನುಂಗಿ, ಸುಧಾರಿಸಿಕೊಂಡು, ಮತ್ತೆ ಹೇಳುತ್ತಿದ್ದಳು. ನಾಯಕಿ ರಾತ್ರಿ ದೋಣಿ ಬಿಚ್ಚುವ ಸಾಲಿಗೆ ಬಂದಾಗ "ಒಟ್ಟಯ್ಕು" ಎಂದಳು. ನಾನು, ತಿಳಿದವನ ಹಾಗೆ, "ಏಕಾಂಗಿಯಾಗಿ ಅಂತ ಬರಿ" ಎಂದೆ.

"ವೇಂಡ!" ಎಡಗೈ ಮಂಚಕ್ಕೆ ಬಡಿಯಿತು. ಬೇಡವೇ ಬೇಡ.

ಜಯಾ ಸ್ವಲ್ಪ ಯೋಚಿಸಿದಳು. "ಒಬ್ಬಳೇ?"

ಸುಮಿತ್ರಾ ಹೌದೆಂದು ತಲೆಯಾಡಿಸಿದಳು.

ಆಗ ನನ್ನ ಹೆದರಿಕೆ ಹೋಯಿತು. ಶಬ್ದಗಳು ಕಳೆದಿದ್ದವು, ಬರೆಯುವವಳು ಕಳೆದಿರಲಿಲ್ಲ. ಯಾವ ಶಬ್ದ ತನ್ನದು, ಯಾವುದು ಅಲ್ಲ ಎಂದು ಅವಳಿಗೆ ನಿಚ್ಚಳವಾಗಿ ಗೊತ್ತಿತ್ತು. ಅಂದಿನಿಂದ ನಾನು ಕೇಳಿದ್ದಕ್ಕೆ ಮಾತ್ರ ಉತ್ತರ ಕೊಟ್ಟೆ.

ಅಧ್ಯಾಯ ಮುಗಿಯಿತು. ಮಳೆಗಾಲ ದಾಟುವ ಮೊದಲೇ ಅವಳ ಹೃದಯ ಸೋತಿತು.

ಈ ವರ್ಷ ಪುಸ್ತಕ ಬಂತು. ತಿರುವನಂತಪುರದ ಶ್ರೀಕಾರ್ಯಂನ ಸಂಶೋಧನಾ ಸಂಸ್ಥೆಯಲ್ಲಿರುವ, ಆಸ್ಪತ್ರೆಯ ದಿನಗಳಲ್ಲಿ ಪರಿಚಯವಾದ ಕನ್ನಡಿಗರೊಬ್ಬರ ಮನೆಯಲ್ಲಿ ಕೆಲವು ಕುಟುಂಬಗಳು ಸೇರಿದ್ದೆವು. ಕೊನೆಯ ಅಧ್ಯಾಯವನ್ನು ಜಯಾ ಓದಿದಳು, ಎಲ್ಲೂ ತಡವರಿಸದೆ. ಅವಳಮ್ಮ ಇರಬೇಕಿತ್ತು ಎಂದು ಅನಿಸಿತು. ಆದರೂ ಸಿಕ್ಕಿದ ತಿಂಗಳುಗಳು ಸಣ್ಣವಲ್ಲ ಎಂದೂ ಅನಿಸಿತು.

ಓದು ಮುಗಿದ ಮೇಲೆ ಧಾರವಾಡ ಕಡೆಯ ಹೆಂಗಸೊಬ್ಬರು ಹತ್ತಿರ ಬಂದರು.

"ಇವ್ರು ಬರದದ್ದು ಬ್ಯಾರೆ ಪುಸ್ತಕ ಅದಾವೇನ್ರೀ?"

"ಒಟ್ಟು ಎರಡೇ ಅಮ್ಮಾ. ಮೊದಲನೆಯದು ಈಗ ಸಿಗುವುದಿಲ್ಲ."

"ಹಂಗಾರ ಇದನ್ನ ಮನಿಗೆ ಒಯ್ದು ಮೊದಲಿಂದ ಓದ್ತೀನ್ರಿ," ಎಂದು ಅವರು ಜಯಾಳ ಮುಂದೆ ಕೈ ಚಾಚಿದರು.

ಅವಳು ಕೊಟ್ಟಳು.