ಮರದ ತುದಿಯ ಮಾತು

ತರೈನಾ, ಶಾಂತಸಾಗರದ ನೂಯಿ ದ್ವೀಪದಿಂದ ನಿಯುತಾವೊ ದ್ವೀಪಕ್ಕೆ ಸೊಸೆಯಾಗಿ ಬಂದಾಗ ಅವಳಿಗೆ ಅಲ್ಲಿಯ ತುವಾಲು ಮಾತು ನಾಲಿಗೆಗೆ ಹತ್ತಿರಲಿಲ್ಲ. ನೂಯಿಯವರ ಮನೆಮಾತೇ ಬೇರೆ. ಶಾಲೆಯಲ್ಲಿ ಕಲಿತ ನಾಲ್ಕು ಮಾತು ನಾಚಿಕೆಗೆ ಗಂಟಲಲ್ಲೇ ಉಳಿಯುತ್ತಿದ್ದವು. ಮದುವೆಯಾದ ತಿಂಗಳಿಗೇ ಗಂಡ ತವಿತಾ ಹಡಗಿನ ಕೆಲಸಕ್ಕೆ ಹೊರಟುಹೋದ. ಮನೆಯಲ್ಲಿ ಉಳಿದವರು ಮಾವ ಪೈತೇಲಾ, ಅತ್ತೆ ಫಿಯಾಲುಪೆ. ಯಾರೇನು ಕೇಳಿದರೂ ಹೂಂ ಅನ್ನುವುದೊಂದೇ ಅವಳ ಉಪಾಯ. ಹಂದಿಗೆ ಹಾಕಿದ್ಯಾ ಎಂದರೂ ಹೂಂ, ಹಾಕಿಲ್ವಾ ಎಂದರೂ ಹೂಂ.

"ನನ್ ಮಗ ಸೊಸೆ ತಂದ್ನೋ, ಪಾರಿವಾಳ ತಂದ್ನೋ!" ಎಂದು ಅತ್ತೆ ನೆರೆಯವರಿಗೆ ಕೇಳುವಂತೆಯೇ ಹೇಳುತ್ತಿದ್ದಳು.

ಕೊನೆಗೆ ಮಾತು ಬಂದದ್ದು ಆಕಾಶದಿಂದ. ಮುಂಜಾನೆ ಮಾವ ತೆಂಗಿನ ಮರ ಹತ್ತಿ, ಹೊಂಬಾಳೆ ಕೆತ್ತಿ, ಕಳ್ಳು ಇಳಿಸುತ್ತಾ ಗಟ್ಟಿಯಾಗಿ ಹಾಡುತ್ತಿದ್ದ. ಮೇಲೊಬ್ಬ ಗಂಡಸಿದ್ದಾನೆ, ಸ್ನಾನಕ್ಕಿಳಿದ ಹೆಂಗಸರು ಎಚ್ಚರವಾಗಿರಲಿ ಎಂದು ಮರ ಹತ್ತಿದವನು ಹಾಡಲೇಬೇಕು. ತರೈನಾ ಬುಡದಲ್ಲಿ ಗುಡಿಸುತ್ತಾ ಕೇಳುವಳು. ಇನ್ನೂ ನಿದ್ದೆ ಬಿಡದ ಕಿವಿಗೆ ಗಾಳಿ, ಅಲೆ, ದೋಣಿ ಎಂಬ ಪದಗಳನ್ನು ಮರವೇ ಆಡಿದಂತೆ ಕೇಳಿಸುತ್ತಿತ್ತು. ಹಗಲಿಡೀ ಗೆಡ್ಡೆ ಬೆಳೆಯುವ ಗುಂಡಿಯಲ್ಲಿ ಎಲೆಗೊಬ್ಬರ ತುಂಬುತ್ತಾ ಅವನ್ನೇ ಬಾಯಲ್ಲಿ ಹೊರಳಿಸುವಳು. ಹಾಗೆ ಹೊರಳಿಸುವಾಗ ಕೆಸರು, ಸೊಳ್ಳೆ, ಅತ್ತೆ ಯಾವುದೂ ನೆನಪಿರುತ್ತಿರಲಿಲ್ಲ.

ಒಂದು ದಿನ ನೀರಿನ ತೊಟ್ಟಿಯ ಹತ್ತಿರ ಯಾರೋ, "ಎಲ್ಲಿಗ್ ಹೊರಟೆಯಮ್ಮಾ?" ಎಂದರು. ತರೈನಾ ಧೈರ್ಯ ಮಾಡಿ ತನಗೆ ಬರುವ ಚೆಂದದ ಮಾತನ್ನೇ ಹೇಳಿದಳು: "ನಾನು ಮೋಡದ ನೆರೆಯವಳು, ಈ ದ್ವೀಪ ನನ್ನ ಕಾಲಡಿಗಿದೆ!"

ಮರದ ಮೇಲಿನ ಹಾಡು ಶುರುವಾಗುವುದೇ ಜಂಬ ಕೊಚ್ಚುವ ಸಾಲುಗಳಿಂದ. ಅದು ಇವಳಿಗೇನು ಗೊತ್ತು? ಹೆಂಗಸರು ಕೊಡ ಕೆಳಗಿಟ್ಟು ಹೊಟ್ಟೆ ಹಿಡಿದುಕೊಂಡು ನಕ್ಕರು. ಸಂಜೆಯೊಳಗೆ ಊರಿಗೆಲ್ಲ ಸುದ್ದಿ.

"ಅದು ಮರದ ಮಾತು ಮಗಳೇ, ನೆಲದ್ದಲ್ಲ," ಎಂದು ಮಾವ ಕಣ್ಣೊರೆಸಿಕೊಂಡು ನಕ್ಕ.

ಮಾರನೆಯ ದಿನದಿಂದ ಅವನು ಒಂದೊಂದು ಸಾಲನ್ನೂ ನಿಧಾನವಾಗಿ, ಎರಡೆರಡು ಸಲ ಹಾಡತೊಡಗಿದ. ಅವನ ಅಜ್ಜ ಕಟ್ಟಿದ ಉದ್ದನೆಯ ಹಾಡದು: ದಾರಿ ತಪ್ಪಿದ ದೋಣಿಯೊಂದು ಊರಿಗೆ ಮರಳುವ ಕಥೆ. ಹಡಗಿನಲ್ಲಿರುವ ತವಿತಾನೇ ಆ ದೋಣಿಯಲ್ಲಿದ್ದಾನೆಂದು ಅವಳಿಗೆ ದಿನವೂ ಅನ್ನಿಸುತ್ತಿತ್ತು.

ದಿನಕ್ಕೆರಡು ಸಾಲು ಸಾಗುತ್ತಾ ಹಾಡಿನ ದೋಣಿ ಹವಳದ ದಿಬ್ಬದ ಬಳಿ ಬಂದು, ದಾರಿ ಕಾಣದೆ ನಿಂತಿತ್ತು. ಅಷ್ಟರಲ್ಲೇ ಮಾವನ ಮಂಡಿ ಕೈಕೊಟ್ಟಿತು. ಅವನು ಮತ್ತೆ ಮರ ಹತ್ತಲಿಲ್ಲ.

"ಮಾವ, ಆಮೇಲೆ? ದೋಣಿ ದಡ ಸೇರುತ್ತಾ?"

ಚಾಪೆಯ ಮೇಲೆ ಕೂತ ಮುದುಕ ಹಾಡಲು ಬಾಯಿ ತೆರೆದ, ಮುಚ್ಚಿದ. "ನೆಲದ ಮೇಲೆ ಬರ್ತಿಲ್ಲಮ್ಮಾ. ಮರ ತೂಗಿದ್ರೇನೇ ನಂಗೆ ಸಾಲು ನೆನಪಾಗೋದು." ಅವನ ಕಣ್ಣಲ್ಲಿ ನೀರಿತ್ತು. ಅಜ್ಜನ ಹಾಡು ತನ್ನೊಂದಿಗೇ ಮುಗಿಯಿತೆಂಬ ದುಃಖ ಅದು.

ತರೈನಾಗೆ ಸುಮ್ಮನಿರಲಾಗಲಿಲ್ಲ; ತೂಗುವ ಮರವೇ ಮುಂದಿನ ಸಾಲನ್ನು ಹೇಳಿಕೊಟ್ಟೀತು ಅನ್ನಿಸಿತು. ಮರುದಿನ ಬೆಳಕು ಹರಿಯುತ್ತಲೇ ಲುಂಗಿಯಂತೆ ಸುತ್ತಿದ ಬಟ್ಟೆಯನ್ನು ಎತ್ತಿ ಕಟ್ಟಿ, ಕಾಂಡದಲ್ಲಿ ಕಡಿದ ಮೆಟ್ಟಿಲುಗಳಿಗೆ ಕಾಲಿಟ್ಟು ಮರ ಹತ್ತಿಬಿಟ್ಟಳು.

"ಅಯ್ಯೋ, ಇಳಿಯೇ! ಹೆಂಗಸ್ರು ಮರ ಹತ್ತೋದುಂಟಾ? ಊರು ನೋಡ್ತಿದೆ, ಮಾನ ಹೋಯ್ತು!" ಫಿಯಾಲುಪೆ ಪೊರಕೆ ಹಿಡಿದೇ ಓಡಿಬಂದಳು. ಮುದುಕನೂ ಕುಂಟುತ್ತಾ ಬಂದ.

ಮರ ತೂಗಿತು. ಸಮುದ್ರ, ಮನೆಗಳು, ಅತ್ತೆಯ ಬೈಗುಳ ಎಲ್ಲವೂ ಒಮ್ಮೆ ಆ ಕಡೆ, ಒಮ್ಮೆ ಈ ಕಡೆ ತೇಲಿದವು. ತರೈನಾ ಹಾಡಿದಳು. ಒಂದು ಪದವೂ ತಪ್ಪಲಿಲ್ಲ. ದೋಣಿ ದಿಬ್ಬದ ಬಳಿ ಬಂತು, ನಿಂತಿತು. ಮುಂದಿನ ಸಾಲು ಅವಳಿಗೆ ಗೊತ್ತಿರಲಿಲ್ಲ. ಮರ ಹತ್ತಿದರೂ ಸಾಲು ಬರಲಿಲ್ಲವಲ್ಲ ಎಂದು ಅವಳಿಗೆ ಅಳು ಬಂತು.

ಆಗ ಕೆಳಗಿನಿಂದ ಒಡಕು ದನಿಯೊಂದು ಎದ್ದಿತು: "ದಡದಲ್ಲಿ ಯಾರೋ ಒಲೆ ಹಚ್ಚಿದ್ದಾರೆ, ಹೊಗೆಯ ಕಡೆಗೆ ತಿರುಗಿಸಿ..."

ಹಾಡುತ್ತಿದ್ದವಳು ಫಿಯಾಲುಪೆ.

ಮುದುಕ ಹೆಂಡತಿಯನ್ನು ಹೊಸಬಳನ್ನು ನೋಡುವಂತೆ ನೋಡಿದ. "ನಿಂಗೆ ಬರುತ್ತಾ ಇದು?"

"ನಲವತ್ತು ವರ್ಷ ಈ ಮರದ ಬುಡ ಗುಡಿಸಿದ್ದೀನಿ," ಎಂದಳು ಅವಳು. "ನಿಂಗೆ ಬರುತ್ತಾ ಅಂತ ನೀವು ಒಂದಿನಾದ್ರೂ ಕೇಳಿದ್ರಾ?"

ಫಿಯಾಲುಪೆ ತಲೆಯೆತ್ತಿ, ಅದೇ ಸಾಲನ್ನು ಸೊಸೆಗಾಗಿ ಎರಡನೆಯ ಸಲ ಹಾಡಿದಳು.